ಅಣ್ಣ ಆರಿಸಿದ ಲೆನ್ಸು

ಕೆರೆಯ ದಿಬ್ಬದ ಮೇಲೆ ನಿಂತು ತಂಗಿ ಒಂದೇ ನೋಟವನ್ನು ಮೂರು ಲೆನ್ಸಿನಲ್ಲಿ ತೆಗೆದಳು. ಫೋಟೋ ತೆಗೆಯುವುದೇ ಅವಳ ಕಸುಬು. ಈ ಕೆರೆ ಉದ್ಯಾನದವರಿಗೆ ಗೋಡೆಯಗಲದ ಚಿತ್ರವೊಂದು ಬೇಕಾಗಿತ್ತು. ಇಲ್ಲಿ ನಿಂತವರ ಕಣ್ಣಿಗೆ ಕಂಡಂತೆಯೇ ಇರಬೇಕು ಎಂದಿದ್ದರು. ಐವತ್ತು ಮಿಲಿಮೀಟರಿನ ಲೆನ್ಸೇ ಕಣ್ಣಿಗೆ ಹತ್ತಿರ ಎಂದು ಕಲಿತವಳು ಅವಳು. ಆದರೆ ಅದು ಎರಡೂ ಬದಿ ಕತ್ತರಿಸಿದಂತೆನಿಸಿ, ಅದಕ್ಕಿಂತ ಅಗಲದ ಮೂವತ್ತೈದರ ಕಡೆಗೇ ಮನಸ್ಸು ವಾಲುತ್ತಿತ್ತು. ಯಾವುದು ಕಣ್ಣಿಗೆ ಕಂಡಂತಿದೆಯೆಂದು ಇನ್ನೊಬ್ಬರನ್ನೂ ಕೇಳೋಣವೆಂದು ಅಣ್ಣನನ್ನು ಕರೆದಳು. ರಜೆಯ ದಿನವೆಂದು ಅವನೂ ಅತ್ತಿಗೆಯೂ ಜೊತೆಗೆ ಬಂದಿದ್ದರು.

ಅಣ್ಣ ಶಾಲೆಯ ಬಸ್ಸು ಓಡಿಸುವವನು. ಕೆರೆಯನ್ನೊಮ್ಮೆ ನೋಡಿ, ಕ್ಯಾಮೆರಾದ ಪರದೆಯ ಮೇಲಿನ ಚಿತ್ರಗಳನ್ನು ತಿರುವಿಹಾಕಿದ. ಒಂದು ಗಳಿಗೆಯೂ ಯೋಚಿಸದೆ ಕೊನೆಯದರ ಮೇಲೆ ಬೆರಳಿಟ್ಟ. ಅದು ಎಂಬತ್ತೈದರ ಲೆನ್ಸಿನದು. ಆಚೆ ದಡದ ತುಣುಕೊಂದೇ ಅದರಲ್ಲಿತ್ತು.

ತಮಾಷೆ ಮಾಡುತ್ತಿದ್ದಾನೆಂದು ಅವಳು ನಕ್ಕಳು. ಅವನು ನಗಲಿಲ್ಲ. ಅಗಲದ ಚಿತ್ರವನ್ನು ಮತ್ತೆ ತೆಗೆದು, ಅದರ ಎಡ ಅಂಚನ್ನು ತೋರಿಸಿದ.

"ಇದರಲ್ಲಿ ನಿಮ್ಮತ್ತಿಗೆ ಕೂತಿದ್ದಾಳೆ. ನೀರು ತರೋಕೆ ಹೋದವಳು ಇನ್ನೂ ಬಂದೇ ಇಲ್ವಲ್ಲ?"

ಅತ್ತಿಗೆ ಬಂದು ಎಷ್ಟೋ ಹೊತ್ತಾಗಿತ್ತು. ಅವನ ಎಡಕ್ಕೆ, ಹತ್ತೇ ಹೆಜ್ಜೆ ದೂರದ ಬೆಂಚಿನಲ್ಲಿ ಕೂತು ಕಿತ್ತಳೆ ಸುಲಿಯುತ್ತಿದ್ದಳು. ಅವಳ ಕೈ ಅಲ್ಲಿಗೇ ನಿಂತಿತು.

ಕೆರೆಯನ್ನೇ ನೋಡುತ್ತಿರು, ತಲೆ ಅಲ್ಲಾಡಿಸಬೇಡ ಎಂದು ಹೇಳಿ ತಂಗಿ ಅವನ ಎಡ ಪಕ್ಕದಲ್ಲಿ ಕೈಯೆತ್ತಿದಳು.

"ಅಣ್ಣಾ, ನನ್ನ ಕೈ ಕಾಣ್ತಿದ್ಯಾ?"

"ಎಲ್ಲಿ?"

ಕೈಯನ್ನು ಮೆಲ್ಲಗೆ ಮುಂದಕ್ಕೆ ತಂದಳು. ಹೆಚ್ಚುಕಡಿಮೆ ಅವನ ಮೂಗಿನ ನೇರಕ್ಕೆ ಬಂದಾಗಷ್ಟೇ ಅವನು ಬೆಚ್ಚಿದ. ಬಲಗಡೆಯೂ ಅದೇ ಪಾಡು.

ಅಣ್ಣ ನೆಲದ ಮೇಲೇ ಕೂತ. ಬಸ್ಸಿನ ಪಕ್ಕಕ್ಕೆ ಈಚೆಗೆ ಗೀರುಗಳು ಬೀಳುತ್ತಿದ್ದವು, ನಿಲ್ಲಿಸಿದಾಗ ಯಾರೋ ತಾಗಿಸಿ ಹೋಗುತ್ತಾರೆಂದು ಬೈದುಕೊಳ್ಳುತ್ತಿದ್ದೆ ಎಂದ.

"ನಿನ್ನೆ ಕೂಡ ಬಸ್ಸಿನ ತುಂಬ ಮಕ್ಕಳಿದ್ರು ಕಣೇ."

ಕಾರಿನ ಕೀಲಿಯನ್ನು ತಾನಾಗಿಯೇ ತಂಗಿಗೆ ಕೊಟ್ಟ. ಕಣ್ಣಾಸ್ಪತ್ರೆಯ ದಾರಿಯಲ್ಲೇ ಶಾಲೆಯವರಿಗೆ ಫೋನ್ ಮಾಡಿ, ನಾಳೆಯಿಂದ ಬೇರೆಯವರನ್ನು ನೋಡಿಕೊಳ್ಳಿ ಎಂದ. ಕಣ್ಣಿನ ಡಾಕ್ಟರು ಗ್ಲಕೋಮಾ ಎಂದರು. ನೋವಿಲ್ಲದೆ ನೋಟವನ್ನು ಅಂಚಿನಿಂದ ತಿನ್ನುತ್ತ ಬಂದಿದೆ, ಹೋದದ್ದು ಬಾರದು, ಉಳಿದದ್ದನ್ನು ಹನಿಮದ್ದಿನಿಂದ ಉಳಿಸಿಕೊಳ್ಳಬಹುದು ಎಂದರು.

ಮರುದಿನ ಬೆಳಗ್ಗೆ ಬೇಡವೆಂದರೂ ಕೇಳದೆ ಅಣ್ಣ ಶಾಲೆಯ ಗೇಟಿಗೆ ಹೋದ. ಹೊಸ ಚಾಲಕನ ಬಸ್ಸಿನಿಂದ ಮಕ್ಕಳು ಇಳಿಯುತ್ತಿದ್ದರು. ಕೊನೆಯ ಮಗು ಒಳಗೆ ಹೋಗುವವರೆಗೂ ಕತ್ತು ತಿರುಗಿಸಿ ತಿರುಗಿಸಿ ಒಬ್ಬೊಬ್ಬರನ್ನೇ ನೋಡಿದ. ತಂಗಿ ಅವನ ತೋಳು ಹಿಡಿದೇ ನಿಂತಿದ್ದಳು.