ಕಡಲಕಾಗೆಗೆ ಪಥ್ಯ

ನನ್ನ ಅಜ್ಜ, ದಾದಾ, ತೀರಿಕೊಂಡ ಮೇಲೆ ಅಜ್ಜಿ ದಾದಿಮಾ ಚಳಿಗಾಲದ ಬೆಳಿಗ್ಗೆಗಳಲ್ಲಿ ಜಾಮ್‌ನಗರದ ಕೆರೆಗೆ ಹೋಗಿ ಅವರಿಗೆ ಕಡಲೆಹಿಟ್ಟಿನ ಕರಿದ ಗಾಂಠಿಯಾ ತಿನ್ನಿಸುತ್ತಿದ್ದಳು. ದಾದಾ ಈಗ ಕಡಲಕಾಗೆಯಾಗಿದ್ದರು. ದರ್ಜಿಯಾಗಿದ್ದ ಅವರು ಕಿವಿಯ ಹಿಂದೆ ಪೆನ್ಸಿಲ್ ಸಿಕ್ಕಿಸಿಕೊಳ್ಳುತ್ತಿದ್ದ ಜಾಗದಲ್ಲೇ ಆ ಬಿಳಿಹಕ್ಕಿಗೆ ಕಪ್ಪು ಚುಕ್ಕೆಯಿತ್ತು. ಚಳಿಗಾಲದಲ್ಲಿ ಕೆರೆಗೆ ಬರುವ ಕಡಲಕಾಗೆಗಳಿಗೆಲ್ಲ ಅಲ್ಲಿ ಚುಕ್ಕೆ ಇರುತ್ತದೆ. ಆದರೆ ಎಡಗಾಲು ಕುಂಟುವುದು ಅದೊಂದೇ, ದಾದಾ ಅವರ ಎಡಗಾಲೂ ಕುಂಟು. ಮನೆಯಲ್ಲಿ ಯಾರೂ ವಾದ ಮಾಡಲಿಲ್ಲ.

ನಾನು ಶಾಲೆ ಬಿಟ್ಟಾಗಿನಿಂದ ದಾದಿಮಾಳ ಪಕ್ಕ ಕೂತು ಬಾಂಧಣಿ ಸೀರೆಗೆ, ಬಣ್ಣಕ್ಕೆ ಅದ್ದುವ ಮೊದಲು, ದಾರದಿಂದ ಸಣ್ಣ ಗಂಟು ಕಟ್ಟುತ್ತೇನೆ. ಕೆರೆಯಲ್ಲಿ ಚೀಲ ಹಿಡಿಯುವ ಕೆಲಸವೂ ನನ್ನದೇ.

ಪುಣ್ಯ ಬರುತ್ತದೆಂದು ಅರ್ಧ ಊರು ಅಲ್ಲಿ ಗಾಂಠಿಯಾ ಎರಚುತ್ತದೆ. ಹಕ್ಕಿಗಳು ಒಂದರ ಮೇಲೊಂದು ಬೀಳುತ್ತವೆ. ಒಂದು ಭಾನುವಾರ ಆ ನೂಕಾಟದಲ್ಲಿ ಕುಂಟಹಕ್ಕಿ ಕೆರೆದಂಡೆಯ ಕಂಬಿಗೆ ಬಡಿದು, ನೀರಿನ ಮೇಲೆ ಕೊಕ್ಕು ತೆರೆದು ಕೂತಿತು.

“ಪಾಪ, ಹಸಿವು,” ಎಂದು ದಾದಿಮಾ ಇನ್ನೊಂದು ಹಿಡಿ ಎಸೆದಳು.

ದುರ್ಬೀನು ಹಿಡಿದು ಹಕ್ಕಿ ನೋಡಲು ಬರುವ ನಫೀಸಾಬೆನ್ ಪಕ್ಕದಲ್ಲೇ ಇದ್ದರು. “ಮಾಸಿ, ಅದಕ್ಕೆ ಬೇಕಾಗಿರೋದು ಮೀನು, ಹುಳ. ಕರಿದ ಹಿಟ್ಟು ಅಲ್ಲ.”

“ನಲವತ್ತು ವರ್ಷ ಇವರಿಗೆ ಬಡಿಸಿದವಳು ನಾನು. ನೀನು ಬಡಿಸಿದ್ದೀಯಾ?”

ನಫೀಸಾಬೆನ್ ಹಕ್ಕಿಯನ್ನು ನೋಡಿದರು, ನನ್ನನ್ನು ನೋಡಿದರು. ನಾನು ಚೀಲ ನೋಡಿದೆ.

“ಇಲ್ಲ. ಆದ್ರೆ ನೋಡೋ ಆಸೆ ಇದ್ರೆ ರೋಜಿ ಬಂದರಿನ ಕಡೆ ಹೋಗಿ. ನೀರು ಇಳಿದಾಗ ಕೆಸರಲ್ಲಿ ಮೇಯ್ತಾ ಇರ್ತವೆ. ದೂರ ಕೂತ್ಕೊಳ್ಳಿ. ಅವು ಕತ್ತು ಎತ್ತಿದ್ರೆ ನೀವು ತೀರಾ ಹತ್ರ ಹೋಗಿದ್ದೀರಿ ಅಂತ.”

“ಗಂಡನ್ನ ಬರಿಗೈಲಿ ನೋಡೋಕೆ ಹೋಗ್ಲಾ?”

ಮನೆಗೆ ಬರುವಾಗ ದಾದಿಮಾ ನನ್ನೊಬ್ಬಳಿಗೆ ಹೇಳಿದಳು: “ಏನೂ ಹಾಕದಿದ್ರೆ ಅವರು ಯಾಕೆ ಬರ್ತಾರೆ, ಮಗಳೇ? ಬದುಕಿದ್ದಾಗಲೂ ಊಟದ ಹೊತ್ತಿಗೇ ಮನೆ ನೆನಪಾಗ್ತಿತ್ತು.”

ಮರುದಿನ ಕೆರೆಯ ಬಾಗಿಲಲ್ಲಿ ಗಾಂಠಿಯಾ ಮಾರುವ ಲವ್‌ಜೀಭಾಯ್ ಪೊಟ್ಟಣ ಚಾಚಿದಾಗ ನಾನು ಬಾಯಿಬಿಟ್ಟೆ.

“ಡಾಕ್ಟರು ದಾದಾಗೆ ಗಾಂಠಿಯಾ ಮುಟ್ಟಲೇಬೇಡಿ ಅಂದಿದ್ರಲ್ಲ.”

ದಾದಿಮಾ ನಿಂತಳು. ಪೊಟ್ಟಣವನ್ನು ಮೂಗಿನ ಹತ್ತಿರ ಹಿಡಿದಳು. ಆಮೇಲೆ ಲವ್‌ಜೀಭಾಯ್‌ನನ್ನು ಕೇಳಿದಳು: “ಬಿ.ಪಿ. ಹಕ್ಕಿಗೂ ಬರುತ್ತಾ?”

“ನಂಗಂತೂ ಬಂದಿದೆ, ಮಾಸಿ.”

ಪೊಟ್ಟಣ ಬಿಚ್ಚದೆ ಸೆರಗಿಗೆ ಕಟ್ಟಿಕೊಂಡು ಮನೆಗೆ ಬಂದಳು. ಆಮೇಲೆ ದಿನಾ ಬರಿಗೈಯಲ್ಲಿ ಕೆರೆಗೆ ಹೋದೆವು. ಕುಂಟಹಕ್ಕಿ ದಿನಕ್ಕಿಷ್ಟು ಸುಧಾರಿಸಿತು, ಆಮೇಲೆ ಕಾಣಿಸಲಿಲ್ಲ. ಅದಕ್ಕೆ ನಾನೇ ಕಾರಣವೆಂದು ದಾದಿಮಾ ನನ್ನೊಂದಿಗೆ ಮಾತು ಬಿಟ್ಟಳು. ನನಗೆ ಅದು ಕಷ್ಟವಲ್ಲ, ಆದರೆ ಅವಳು ಗಂಟುಗಳನ್ನು ವಿಪರೀತ ಬಿಗಿದು ದಾರ ತುಂಡುಮಾಡತೊಡಗಿದಳು.

ಕೊನೆಗೆ ಅವಳೇ ಆಟೋ ಕರೆದು ರೋಜಿ ಬಂದರಿಗೆ ಅಂದಳು.

ನೀರು ಇಳಿದಿತ್ತು. ಕೆಸರಿನ ಆಚೆ ತುದಿಯಲ್ಲಿ ಬಿಳಿಹಕ್ಕಿಗಳು ಚದುರಿದ್ದವು. ಒಡ್ಡಿನ ಮೇಲೆ ಕೂತೆವು. ಬಾಂಧಣಿ ಕಟ್ಟುವವರಿಗೆ ಕೂರುವುದನ್ನು ಯಾರೂ ಕಲಿಸಬೇಕಿಲ್ಲ. ಆದರೂ ತುಸು ಹೊತ್ತಿಗೆ ದಾದಿಮಾ ಎದ್ದಳು.

“ಇಲ್ಲಿಂದ ಕಾಲು ಕಾಣಲ್ಲ.”

ಎರಡು ಹೆಜ್ಜೆ ಇಟ್ಟಳು. ಅಷ್ಟೂ ಹಕ್ಕಿಗಳು ಕತ್ತೆತ್ತಿದವು. ನಾನು ಅವಳ ಸೆರಗು ಹಿಡಿದೆ. ಎಳೆಯಲಿಲ್ಲ, ಹಿಡಿದುಕೊಂಡೆ. ಅವಳು ಹಿಂದೆ ಬಂದು ಕೂತಳು. ಕತ್ತುಗಳು ಇಳಿದವು.

ಬಿಸಿಲೇರಿತು. ಅಂಚಿನಲ್ಲಿ ಒಂದು ಹಕ್ಕಿ ಎಡಕ್ಕೆ ವಾಲುತ್ತ ನಡೆದು ಬಂದು, ಕೆಸರಿಗೆ ಕೊಕ್ಕು ತೂರಿಸಿ ಉದ್ದನೆಯ ಹುಳ ಎಳೆದು ನುಂಗಿತು. ಇನ್ನೊಂದನ್ನು ಹುಡುಕಿತು.

ದಾದಿಮಾ ಬಹಳ ಹೊತ್ತು ನೋಡಿದಳು. ಸೆರಗಿನ ಗಂಟು ಬಿಚ್ಚಿ, ಅಂದು ಕೊಂಡಿದ್ದ, ಈಗ ಮೆತ್ತಗಾಗಿದ್ದ ಗಾಂಠಿಯಾವನ್ನು ನನಗೂ ಕೊಟ್ಟು ತಾನೂ ತಿಂದಳು. ಖಾಲಿ ಪೊಟ್ಟಣ ಮಡಚಿ ಮತ್ತೆ ಸೆರಗಿಗೆ ಕಟ್ಟಿಕೊಂಡಳು.

“ನಲವತ್ತು ವರ್ಷ,” ಅಂದಳು, “ಒಂದು ಲೋಟ ನೀರನ್ನೂ ತಾವಾಗಿ ತಗೊಂಡವರಲ್ಲ.”