ಈ ಹಿಟ್ಟು ಯಾತಕ್ಕ?

ಮುಗಳಖೋಡದ ತಾರವ್ವ, ಯಡೂರಿನ ಸೀತವ್ವ ಒಡಹುಟ್ಟಿದವರು. ಹದಿನೆಂಟು ವರ್ಷದಿಂದ ಒಂದು ಕಂಚಿನ ಗಂಗಾಳದ ಸಲುವಾಗಿ ಜಗಳಾಡುತ್ತ ಬಂದವರು. ಗಂಗಾಳ ಅಂದರೆ ಉಣ್ಣುವ ತಟ್ಟೆ, ಅವರ ತಾಯಿಯದು, ಒಂದು ಕಡೆ ಅಂಚು ನೆಗ್ಗಿದೆ. ತಾಯಿ ತೀರಿಕೊಂಡಾಗ ಅದು ಅಕ್ಕ ತಾರವ್ವನ ಮನೆ ಸೇರಿತು. ಅವ್ವ ಅದನ್ನು ನನಗೆ ಅಂತ ಹೇಳಿದ್ದಳು ಎನ್ನುವುದು ತಂಗಿ ಸೀತವ್ವನ ತಕರಾರು. ಮೊದಮೊದಲು ಹಬ್ಬ ಹುಣ್ಣಿಮೆಗೆ ಸೇರಿದಾಗ ಮಾತ್ರ ಜಗಳ ಆಗುತ್ತಿತ್ತು. ಮನೆಮನೆಗೆ ಇಂಟರ್ನೆಟ್ ಬಂದ ಮೇಲೆ ದಿನಾ ಸಂಜೆ ಆರಕ್ಕೆ ವಿಡಿಯೋ ಕಾಲ್‌ನಲ್ಲಿ ಶುರುವಾಯಿತು. ಬರೀ ಫೋನಿನಲ್ಲಿ ಜಗಳಾಡಿದರೆ ಏನು ರುಚಿ? ಆಡಿದ ಮಾತು ಎದುರಿನವರಿಗೆ ತಾಗಿತೋ ಇಲ್ಲವೋ ಮುಖ ನೋಡಿದರೆ ತಾನೆ ಗೊತ್ತಾಗುವುದು.

ತಾರವ್ವನಿಗೆ ತಂಗಿ ಅಂದರೆ ಪ್ರಾಣ. ಅದನ್ನು ಬಾಯಿಬಿಟ್ಟು ಹೇಳುವ ಪದ್ಧತಿ ಮಾತ್ರ ಆ ಮನೆತನದಲ್ಲಿ ಇರಲಿಲ್ಲ. ಬೆಳಿಗ್ಗೆಯಿಂದ ಸಂಜೆಯವರೆಗೆ ಹಿಟ್ಟಿನ ಗಿರಣಿ ನಡೆಸುತ್ತ, ಮೈಮೇಲೆಲ್ಲ ಹಿಟ್ಟು ಕೂರಿಸಿಕೊಂಡು, ಇವತ್ತು ಸೀತಿಗೆ ಏನು ಅನ್ನಬೇಕು ಅಂತ ಲೆಕ್ಕ ಹಾಕುವುದರಲ್ಲೇ ಅವಳಿಗೆ ಹೊತ್ತು ಹೋಗುತ್ತಿತ್ತು.

ಗಿರಣಿಯ ಪಕ್ಕದ ಖೋಲಿಯಲ್ಲೇ ಮಗ ವಿಶ್ವಾಸನ ಆಫೀಸು. ಓಣಿಯ ನೂರಾ ನಲವತ್ತು ಮನೆಗಳಿಗೆ ವೈರು ಎಳೆದು ಇಂಟರ್ನೆಟ್ ಕೊಡುವವನು ಅವನೇ. ಬೇರೆ ಯಾರ ವೈರೂ ಅಲ್ಲಿ ಇರಲಿಲ್ಲ. ಹಾರೂಗೇರಿಯವನೊಬ್ಬ ವೈರು ಎಳೆಯಲಿಕ್ಕೆ ಬರುತ್ತೇನೆ ಅಂದಾಗ ತನ್ನ ಕಂಬ ಕೊಡುವುದಿಲ್ಲ ಅಂತ ಹೇಳಿ ಕಳಿಸಿದ್ದ. ಹೀಗಾಗಿ ಊರಿಗೊಬ್ಬಳೇ ಪದ್ಮಾವತಿ. ಆದರೂ ಮೂರು ವರ್ಷ ನೆಟ್ಟಗೇ ನಡೆಸಿದ. ತಿಂಗಳಿಗೆ ನಾನೂರು ರೂಪಾಯಿ, ಎಲ್ಲರಿಗೂ ಒಂದೇ ರೇಟು, ಏನು ಬೇಕಾದರೂ ನೋಡಿಕೊಳ್ಳಿ.

ಈ ಸಲ ದಸರಾ ಮುಗಿದ ಮೇಲೆ ಅವನು ನಿಪ್ಪಾಣಿಯ ಹೈವೇ ಹೋಟೆಲಿನಲ್ಲಿ ಒಂದು ದಿನದ ಸಭೆಗೆ ಹೋಗಿಬಂದ. ಅಲ್ಲಿ ಕೋಟು ಹಾಕಿಕೊಂಡ ಒಬ್ಬಾತ, ವೈರು ಒಂದೇ ಇದ್ದರೂ ಅದರಲ್ಲಿ ಹೋಗುವುದನ್ನು ಬೇರೆಬೇರೆ ಮಾಡಿ ಮಾರಬಹುದು ಅಂತ ಹೇಳಿಕೊಟ್ಟನಂತೆ. ಊಟ ಪುಕ್ಕಟೆ ಇತ್ತು, ಬುದ್ಧಿಯೂ ಪುಕ್ಕಟೆ ಸಿಕ್ಕಿತು. ಮರುವಾರ ಆಫೀಸಿನ ಮುಂದೆ ಬೋರ್ಡು ಬಂತು. ಸೀರಿಯಲ್ ಪ್ಯಾಕ್, ಕುಸ್ತಿ ಪ್ಯಾಕ್, ಮುಖ ನೋಡಿ ಮಾತಾಡುವ ಪ್ಯಾಕ್, ಒಂದೊಂದಕ್ಕೂ ನೂರೈವತ್ತು ಹೆಚ್ಚು. ಪ್ಯಾಕ್ ತಗೊಳ್ಳದವರಿಗೆ ಅದೇ ನಾನೂರು, ಆದರೆ ಸೀರಿಯಲ್ಲಿನ ಸೊಸೆ ಬಾಗಿಲು ತೆಗೆಯುವುದರೊಳಗೆ ಇತ್ತ ಒಲೆಯ ಮೇಲೆ ಅನ್ನ ಸೀಯುತ್ತಿತ್ತು. ಯಾಕೆ ಹೀಗೆ ಅಂತ ಕೇಳಿದವರಿಗೆ ವಿಶ್ವಾಸ ಒಂದೇ ಉತ್ತರ ಇಟ್ಟುಕೊಂಡಿದ್ದ.

“ನಿಪ್ಪಾಣಿ ಕಡೆ ರಸ್ತಾ ಅಗದಾರ್ರಿ. ವೈರಿಗೆ ಪೆಟ್ಟ ಬಿದ್ದೈತಿ. ಪ್ಯಾಕ್ ಇದ್ದವರಿಗೆ ಬ್ಯಾರೆ ದಾರಿಲೆ ಕೊಡಾಕತ್ತೇನಿ.”

ತಾಯಿಗೂ ಅವನು ಪ್ಯಾಕ್ ಕೊಡಲಿಲ್ಲ. ಮನೆಯವರಿಗೆ ಬಿಟ್ಟರೆ ಊರವರು ಏನು ಅಂದಾರು ಅಂತ ನ್ಯಾಯ ಬೇರೆ.

ಒಂದು ಸಂಜೆ ತಾರವ್ವ ಒಳ್ಳೆಯ ರಂಗಿನಲ್ಲಿದ್ದಳು. “ಗಂಗಾಳ ಒಯ್ದು ಏನ ಮಾಡ್ತಿ ಬೇ? ನಿನ್ನ ಎಮ್ಮಿಗೆ ಹಿಂಡಿ ಇಡ್ತೀ ಏನ?” ಅಂದು ಬಾಯಿ ಪೂರಾ ತೆರೆದು ನಕ್ಕಳು. ಅಷ್ಟರಲ್ಲಿ ಪರದೆಯ ಮೇಲೆ ಸೀತವ್ವ ಕಾಣೆಯಾಗಿ ಒಂದು ಚಕ್ರ ಗಿರಗಿರ ತಿರುಗತೊಡಗಿತು. ಎರಡು ನಿಮಿಷ ಕಾದಳು, ಕಾಲ್ ಕಟ್ಟಾಯಿತು. ಮತ್ತೆ ಮಾಡಿದರೆ ಎತ್ತಲಿಲ್ಲ. ಮರುದಿನವೂ ಎತ್ತಲಿಲ್ಲ.

ಮೂರನೇ ದಿನ ಸೀತವ್ವನ ಸೊಸೆ ಸೋನಾಲಿ ಸಾದಾ ಫೋನ್ ಮಾಡಿದಳು.

“ದೊಡ್ಡತ್ತಿ, ನಮ್ಮ ಎಮ್ಮಿ ಅವತ್ತ ಮುಂಜಾನೆ ಸತ್ತಿತ್ತರಿ. ಅತ್ತಿ ಅದನ್ನ ಹೇಳಾಕ ಕುಂತಿದ್ರು. ನೀವು ಎಮ್ಮಿ ಹೆಸರ ತಗದು ನಕ್ಕೀರಿ. ಅತ್ತಿ ಅಳಕೊಂತ ಹೇಳಿದ್ರೂ ನೀವು ಬಾಯಿ ಮುಚ್ಚಲಿಲ್ಲಂತ. ಎರಡ ನಿಮಿಷ ಹಂಗ ನಕ್ಕೊಂತ ಕುಂತೀರಂತ. ಕಿರುನಾಲಗಿ ಸುದ್ದಾ ಕಾಣಾಕತ್ತಿತ್ತಂತ.”

ಆ ಎಮ್ಮೆ ಹನ್ನೊಂದು ವರ್ಷ ಸೀತವ್ವನ ಕೈಯಲ್ಲಿ ಬೆಳೆದದ್ದು. “ಇಲ್ಲ ಬೇ ಸೋನಾಲಿ, ಚಿತ್ರ ನಿಂತಿತ್ತು, ನಾ ನಿಂತಿದ್ದಿಲ್ಲ. ಅಕಿ ಹೇಳಿದ್ದು ನನಗ ಕೇಳಸ್ಲೇ ಇಲ್ಲ” ಅಂದಳು ತಾರವ್ವ. ಹಿಂದಿನಿಂದ ಸೀತವ್ವನ ದನಿ ಬಂತು. “ನೆಟ್ಟು ಅಕಿ ಮಗಂದ ಐತಿ. ಮನ್ಯಾಗ ಗಿರಣಿ ಇಟಗೊಂಡು ಹಿಟ್ಟಿಲ್ಲ ಅಂದ್ರ ನಂಬೂದೇನ? ಇಡು ಫೋನ.”

ಮಾತು ಸರಿಯಾಗಿಯೇ ಇತ್ತು. ತಾರವ್ವ ಸೀದಾ ಮಗನ ಆಫೀಸಿಗೆ ಹೋದಳು. “ನಿನ್ನ ಚಿಗವ್ವಗ ಫೋನ್ ಹಚ್ಚು. ಚಿತ್ರ ನಿಲ್ಲಿಸಿದಾಂವ ನಾನು ಅಂತ ಹೇಳು.”

ವಿಶ್ವಾಸ ಗಾಬರಿಯಾದ. “ಅವ್ವಾ, ಸೋನಾಲಿ ತವರಮನಿ ನಮ್ಮ ಓಣ್ಯಾಗ ಐತಿ. ಯಡೂರಾಗ ಹತ್ತಕ್ಕ ಹೇಳಿದ್ರ ಇಲ್ಲಿ ಹತ್ತೂವರಿಗೆ ಗೊತ್ತಾಗತೈತಿ. ಬೇಕಂತ ನಿಲ್ಲಸ್ತಾನ ಅಂದ್ರ ನನ್ನ ಧಂದೆ ಏನಾಗಬೇಕು? ನೀ ಬೇಕಾದ್ರ ಮುಖ ನೋಡೂ ಪ್ಯಾಕ್ ತಗೋ. ನಿನಗಂತ ನೂರಾ ಇಪ್ಪತ್ತಕ್ಕ ಕೊಡ್ತೇನಿ.”

“ಪ್ಯಾಕ್ ತಗೊಂಡ್ರ ಅಕಿ ಫೋನ ಎತ್ತತಾಳೇನ?”

“ಅದನ್ನ ಹೆಂಗ ಹೇಳಾಕ ಬರತೈತಿ?”

ತಾರವ್ವ ಏನೂ ಅನ್ನಲಿಲ್ಲ. ಅವಳು ಸುಮ್ಮನಾದರೆ ಮಳೆ ಬರುವ ಲಕ್ಷಣ ಅಂತ ಸೊಸೆ ಪೂನಮಳಿಗೆ ಗೊತ್ತಿತ್ತು. ಪೂನಮ ಅಂಗಳಕ್ಕೆ ಹೋಗಿ ಒಣಹಾಕಿದ್ದ ಹಪ್ಪಳ ಒಳಗೆ ತೆಗೆದಿಟ್ಟಳು.

ಮರುದಿನ ಗಿರಣಿಯ ಬಾಗಿಲಿಗೆ ಒಂದು ರಟ್ಟು ತೂಗುಬಿತ್ತು. ಪೂನಮಳ ಅಕ್ಷರ, ಅತ್ತೆಯ ಮಾತು. ಜೋಳದ ಭಕ್ಕರಿ ಹಿಟ್ಟಿಗೆ ಕಿಲೋಕ್ಕೆ ಆರು ರೂಪಾಯಿ. ಚಪಾತಿಗೆ ಎಂಟು. ಹೋಳಿಗೆ, ಕಡುಬು, ಮಾದಲಿ ಮಾಡುವವರಿಗೆ ಹದಿನೈದು. ಬೀಗರು ಬಂದಿದ್ದರೆ ಇಪ್ಪತ್ತು. ಸುಳ್ಳು ಹೇಳಿದವರಿಗೆ ನುಚ್ಚು.

ಮೊದಲು ಸಿಕ್ಕಿಬಿದ್ದವನು ಧೂಳಪ್ಪ. ಟ್ರ್ಯಾಕ್ಟರ್ ಓಡಿಸುವವನು, ಕುಸ್ತಿಯ ಹುಚ್ಚ. ಗೋಧಿಯ ಡಬ್ಬಿ ಇಟ್ಟು ರಟ್ಟು ಓದಿದ.

“ಈ ಹಿಟ್ಟು ಯಾತಕ್ಕ?” ತಾರವ್ವ ಕೇಳಿದಳು.

ಧೂಳಪ್ಪ ಗಂಟಲು ಸರಿಮಾಡಿಕೊಂಡ. “ನಾಯಿಗ್ರಿ ಅಕ್ಕಾ. ನಾಯಿಗೆ ರೊಟ್ಟಿ ಹಾಕಾಕ.”

“ನಿನ್ನ ನಾಯಿ ಯುಗಾದಿಗೇ ಸತ್ತೈತಿ.”

ಧೂಳಪ್ಪ ನುಚ್ಚು ಹೊತ್ತುಕೊಂಡು ಮನೆಗೆ ಹೋದ.

ಆ ವಾರ ಮುಗಳಖೋಡದ ಜನ ಆಡಿದಷ್ಟು ಸುಳ್ಳನ್ನು ಚುನಾವಣೆಯಲ್ಲೂ ಆಡಿರಲಿಕ್ಕಿಲ್ಲ. ಒಬ್ಬಳು ಹಿಟ್ಟು ಅಂಟು ಮಾಡಲಿಕ್ಕೆ ಅಂದಳು. ಒಬ್ಬ ಮುದುಕ ತನಗೆ ಸಕ್ಕರೆ ಕಾಯಿಲೆ, ಹೋಳಿಗೆ ಮುಟ್ಟುವುದೇ ಇಲ್ಲ ಅಂತ ಡಾಕ್ಟರ ಚೀಟಿ ತಂದ. ತಾರವ್ವ ಎಲ್ಲರ ಮುಖ ನೋಡುವಳು, ಡಬ್ಬಿಯಲ್ಲಿ ಏಲಕ್ಕಿಯ ವಾಸನೆ ಇದೆಯೇ ಅಂತ ಮೂಗು ಹಾಕುವಳು, ರೇಟು ಹೇಳುವಳು. ಹದಿನೈದು ಅಂದವರಿಗೆ ಕಲ್ಲು ಬಿಗಿಮಾಡಿ ನುಣ್ಣಗೆ ಬೀಸಿಕೊಡುವಳು, ಆರು ಅಂದವರಿಗೆ ಕಲ್ಲು ಸಡಿಲ. “ಹಿಂಗ್ಯಾಕ ಮಾಡಾಕತ್ತೀರಿ?” ಅಂದರೆ ಉತ್ತರ ಸಿದ್ಧವಿತ್ತು. “ನಿಪ್ಪಾಣಿ ಕಡೆ ರಸ್ತಾ ಅಗದಾರ. ನನ್ನ ಗಿರಣಿ ಬೆಲ್ಟಿಗೆ ಪೆಟ್ಟ ಬಿದ್ದೈತಿ.”

ಸ್ವಂತ ಮನೆಗೆ ಆರು ರೂಪಾಯಿಯ ಹಿಟ್ಟೇ ಬರುತ್ತಿತ್ತು. ಮನೆಯವರಿಗೆ ಬಿಟ್ಟರೆ ಊರವರು ಏನು ಅಂದಾರು? ವಿಶ್ವಾಸ ಮೂರು ದಿನ ಭಕ್ಕರಿಯನ್ನು ಹಂಚಿನ ಚೂರಿನಂತೆ ಮುರಿದು ತಿಂದ. ನಾಲ್ಕನೇ ದಿನ ಹಲ್ಲು ಅಲುಗಿತು.

ಇಷ್ಟೆಲ್ಲ ಆದರೂ ತಾರವ್ವನಿಗೆ ಸುಖವಿರಲಿಲ್ಲ. ಸಂಜೆ ಆರಾದರೆ ಫೋನನ್ನು ಜೋಳದ ಚೀಲಕ್ಕೆ ಆನಿಸಿಟ್ಟು ಕೂರುತ್ತಿದ್ದಳು. ಯಡೂರಿಗೆ ಕಾಲ್ ಹೋಗುತ್ತಿತ್ತು, ರಿಂಗಾಗುತ್ತಿತ್ತು, ನಿಲ್ಲುತ್ತಿತ್ತು. ಅಟ್ಟದ ಮೇಲಿಂದ ಗಂಗಾಳ ಇಳಿಸಿ ಹುಣಸೆಹಣ್ಣು ಹಾಕಿ ತಿಕ್ಕಿದಳು. ಹಾಳಾದದ್ದನ್ನು ಅವಳಿಗೇ ಕೊಟ್ಟುಬಿಡಬೇಕಾಗಿತ್ತು ಅಂತ ಅನ್ನಿಸಿ ಕಣ್ಣು ತುಂಬಿ ಬಂತು. ಸೆರಗಿನಿಂದ ಒರೆಸಿಕೊಂಡರೆ ಹಿಟ್ಟು ಹೋಗಿ ಇನ್ನಷ್ಟು ಉರಿಯಿತು.

ರಟ್ಟು ತೂಗುಬಿದ್ದ ಎಂಟನೇ ದಿನ ಬೆಳಿಗ್ಗೆ ಗಿರಣಿಯ ಮುಂದೆ ಹದಿನಾಲ್ಕು ಡಬ್ಬಿಗಳ ಪಾಳಿ ಇತ್ತು. ಡಬ್ಬಿಯವರೆಲ್ಲ ಸೇರಿ ವಿಶ್ವಾಸನನ್ನು ಹೊರಗೆ ಕರೆದರು. ಅವನು ದವಡೆ ಹಿಡಿದುಕೊಂಡೇ ಬಂದ.

“ಅವ್ವಾ, ಸಾಕ ಮಾಡು. ಕಾಳು ಬೀಸೂದು ನಿನ್ನ ಕೆಲಸ. ಹಿಟ್ಟ ಒಯ್ದು ಅವರು ಮಾದಲಿ ಮಾಡ್ಲಿ, ಗ್ವಾಡಿಗೆ ಹಚ್ಲಿ, ನಿನಗ್ಯಾಕ ಬೇಕು? ಯಾರ ಡಬ್ಬಿ ಮೊದಲ ಬಂದೈತಿ ಅವರದ ಮೊದಲ, ಎಲ್ಲಾರಿಗೂ ಒಂದ ರೇಟು. ಅಪ್ಪ ಇದ್ದಾಗಿಂದ ಹಂಗ ನಡದೈತಿ.”

ಗಿರಣಿ ಬಂದ್ ಆಗಿತ್ತು, ಹೀಗಾಗಿ ಎಲ್ಲರಿಗೂ ಸ್ಪಷ್ಟ ಕೇಳಿಸಿತು. ಪಾಳಿಯಲ್ಲಿ ನಾಮದೇವ ಇದ್ದ. ಪೋಸ್ಟಾಫೀಸಿನವನು, ದಿನಾ ಎರಡು ಪೇಪರ್ ಓದುವವನು.

“ಚೊಲೋ ಹೇಳಿದಿ ವಿಶ್ವಾಸ. ಇದನ್ನ ನಿನ್ನ ವೈರಿಗೂ ಹೇಳು” ಅಂದ. “ವೈರಿನಾಗ ಹೋಗೂದು ಸೀರಿಯಲ್ಲೋ ಕುಸ್ತಿಯೋ ಅಂತ ನೋಡಿ ರೇಟ ಹಚ್ಚಬಾರದು, ಬೇಕಂತ ನಿಧಾನ ಮಾಡಬಾರದು ಅಂತ ಸರ್ಕಾರದ ಕಾಯ್ದೆನ ಐತಿ.”

“ನಾ ಎಲ್ಲಿ ನಿಧಾನ ಮಾಡೇನ್ರಿ?” ವಿಶ್ವಾಸ ಅತ್ತಿತ್ತ ನೋಡಿದ. “ರಸ್ತಾ ಅಗದಾರ...”

ಆಗ ಪಾಳಿಯ ಕೊನೆಯಲ್ಲಿ ಹದಿನೈದನೇ ಡಬ್ಬಿ ಧಪ್ಪನೆ ಕೂತಿತು. ತಂದವಳು ಸೀತವ್ವ. ಯಡೂರಿನಿಂದ ಚಿಕ್ಕೋಡಿಗೊಂದು ಬಸ್ಸು, ರಾಯಬಾಗಕ್ಕೊಂದು ಬಸ್ಸು, ಅಲ್ಲಿಂದ ಇನ್ನೊಂದು ಹಿಡಿದು, ಐದು ಕಿಲೋ ಗೋಧಿ ಹೊತ್ತುಕೊಂಡು ಬಂದಿದ್ದಳು. ಅಕ್ಕನ ಗಿರಣಿಯ ಸುದ್ದಿ ಸೋನಾಲಿಯ ತವರಿನಿಂದ ಹೊಳೆ ದಾಟಿ ಹೋಗಿತ್ತು. ಪಾಳಿಯವರು ಡಬ್ಬಿ ಸರಿಸಿ ಅವಳಿಗೆ ದಾರಿ ಬಿಟ್ಟರು. ಸೀತವ್ವ ಅಕ್ಕನ ಎದುರಿಗೆ ನಿಂತಳು.

“ಕೇಳವಾ. ಎಲ್ಲಾರನ್ನೂ ಕೇಳ್ತೀಯಂತಲ್ಲ, ನನ್ನೂ ಕೇಳು.”

ತಾರವ್ವ ಕೇಳಿದಳು. “ಈ ಹಿಟ್ಟು ಯಾತಕ್ಕ?”

“ನಿನ್ನ ತಿಥಿಗೆ.”

ಪಾಳಿಯಲ್ಲಿ ಯಾರೋ ಕೆಮ್ಮಿದರು. ತಾರವ್ವನಿಗೆ ಎಂಟು ದಿನಕ್ಕೆ ಮೊದಲ ಸಲ ತಂಗಿಯ ದನಿ ಕೇಳಿದ ಸಂತೋಷಕ್ಕೆ ನಗು ಬಂತು, ಅದರ ಬೆನ್ನಿಗೇ ಅಳು ಬಂತು. ಎರಡೂ ಕೂಡಿ ಬಾಯಿ ತೆರೆದದ್ದು ತೆರೆದಂತೆಯೇ ನಿಂತಿತು.

“ನೋಡ್ರಿ” ಅಂದಳು ಸೀತವ್ವ, ಎಲ್ಲರ ಕಡೆಗೂ ತಿರುಗಿ. “ಅವತ್ತೂ ಹಿಂಗ ನಕ್ಕಾಳ. ನನ್ನ ಎಮ್ಮಿ ಸತ್ತೈತಿ ಅಂದ್ರ ಹಿಂಗ ಬಾಯಿ ತಗದ ಕುಂತಿದ್ಳು.”

ತಾರವ್ವ ಏನೋ ಹೇಳಲಿಕ್ಕೆ ಹೋದಳು, ದನಿ ಹೊರಡಲಿಲ್ಲ. ತಾಯಿಗೆ ಮಾತು ಸಿಗದೇ ಹೋದದ್ದನ್ನು ವಿಶ್ವಾಸ ಹುಟ್ಟಿದಾಗಿನಿಂದ ನೋಡಿರಲಿಲ್ಲ. ಅವನು ಬೋರ್ಡಿನ ಕಡೆ ನೋಡಿದ, ಹದಿನಾಲ್ಕು ಡಬ್ಬಿಗಳ ಕಡೆ ನೋಡಿದ, ಕೊನೆಗೆ ತಾಯಿಯ ಮುಖ ನೋಡಿದ. ದವಡೆಯಿಂದ ಕೈ ತೆಗೆದ.

“ಚಿಗವ್ವಾ, ಅವ್ವ ನಕ್ಕೊಂತ ಕುಂತಿದ್ದಿಲ್ಲ. ಚಿತ್ರ ನಿಂತಿತ್ತು. ಪ್ಯಾಕ್ ಇಲ್ಲದವರ ವಿಡಿಯೋ ಕಾಲ್ ನಾನ ಬೇಕಂತ ನಿಧಾನ ಮಾಡಿದ್ದೆ. ನಮ್ಮ ಅವ್ವಂದು ಸುದ್ದಾ.”

ಧೂಳಪ್ಪ ಕೇಳಿದ. “ಹಂಗಾದ್ರ ನಿಪ್ಪಾಣಿ ರಸ್ತಾ?”

“ರಸ್ತಾ ಚೊಲೋ ಐತಿ” ಅಂದ ವಿಶ್ವಾಸ.

“ಹಾರೂಗೇರಿಯವನ ನಂಬರ್ ಯಾರ ಕಡೆ ಐತ್ರಿ?” ಧೂಳಪ್ಪ ಪಾಳಿಯನ್ನು ಕೇಳಿದ. ಆರು ಜನ ಜೇಬಿಗೆ ಕೈ ಹಾಕಿದರು.

ಇತ್ತ ಸೀತವ್ವ ಅಕ್ಕನ ಮುಖವನ್ನೇ ನೋಡುತ್ತಿದ್ದಳು. “ನಾ ಎಮ್ಮಿ ಸತ್ತಿದ್ದು ಹೇಳಿದ್ದು ನಿನಗ ಕೇಳಸ್ಲೇ ಇಲ್ಲೇನ?”

“ಇಲ್ಲ ಬೇ. ಒಂದ ಚಕ್ಕರ ತಿರಗಾಕತ್ತಿತ್ತು. ನಾ ಅದನ್ನ ನೋಡ್ಕೊಂತ ಕುಂತಿದ್ನಿ.”

“ಹಂಗಾದ್ರ ಈಗ ಹೇಳ್ತೇನಿ, ಕೇಳು” ಅಂದು ಸೀತವ್ವ ಗೋಧಿ ಡಬ್ಬಿಯ ಮೇಲೆ ಕೂತು, ಎಮ್ಮೆಗೆ ಹೊಟ್ಟೆ ಉಬ್ಬಿದ್ದರಿಂದ ಹಿಡಿದು ಎಲ್ಲವನ್ನೂ ಮೊದಲಿನಿಂದ ಹೇಳಿದಳು. ಅಕ್ಕ ತಂಗಿ ಇಬ್ಬರೂ ಅತ್ತರು. ಪಾಳಿಯ ಹೆಂಗಸರೂ ಸ್ವಲ್ಪ ಅತ್ತರು. ಆಮೇಲೆ ತಾರವ್ವ ರಟ್ಟು ಕಿತ್ತು ಬಿಸಾಕಿ, ಹದಿನಾಲ್ಕು ಡಬ್ಬಿ ಪಾಳಿಯ ಪ್ರಕಾರ ಬೀಸಿ, ಕೊನೆಗೆ ತಂಗಿಯ ಗೋಧಿ ಹಾಕಿ ಕಲ್ಲು ಬಿಗಿಮಾಡಿದಳು. ತನ್ನದೇ ತಿಥಿಯ ಹಿಟ್ಟಾದರೂ ನುಣ್ಣಗೆ ಬರಲಿ ಅಂತ.

ಮಧ್ಯಾಹ್ನ ಆ ಹಿಟ್ಟಿನ ಹೋಳಿಗೆಯನ್ನೇ ಗಂಗಾಳಕ್ಕೆ ಬಡಿಸಿದಳು. ಉಂಡ ಮೇಲೆ ಗಂಗಾಳ ತೊಳೆದು, ಒರೆಸಿ, ತಂಗಿಯ ಚೀಲದಲ್ಲಿ ಇಟ್ಟಳು. “ಒಯ್ಯಿ. ಇದು ನಿಂದ.”

ಸೀತವ್ವ ಅದನ್ನು ಹೊರಗೆ ತೆಗೆದಳು. ನೆಗ್ಗಿದ ಅಂಚಿನ ಮೇಲೆ ಬೆರಳಾಡಿಸಿದಳು. ಒಂದು ಗಳಿಗೆ ಎದೆಗೆ ಅವುಚಿಕೊಂಡು, ಎದ್ದು ಹೋಗಿ ಅಟ್ಟದ ಮೇಲೆ ಅದರ ಜಾಗದಲ್ಲೇ ಇಟ್ಟುಬಂದಳು.

“ಹುಚ್ಚಿ ಅದಿಯೇನ? ಇದನ್ನ ಒಯ್ದ್ರ ನಾಳಿ ಸಂಜಿಗೆ ಏನ ಮಾತಾಡೂದು?”

ವಿಶ್ವಾಸನ ಬೋರ್ಡಿಗೆ ಆ ಸಂಜೆಯೇ ಸುಣ್ಣ ಬಿತ್ತು. ಮತ್ತೆ ಎಲ್ಲರಿಗೂ ಒಂದೇ ರೇಟು, ನಾನೂರು. ಹಾರೂಗೇರಿಯವನಿಗೆ ಕಂಬವನ್ನೂ ಕೊಡಬೇಕಾಯಿತು. ಅವನು ಮುನ್ನೂರ ಎಪ್ಪತ್ತು ಅಂದ, ತಿಂಗಳೊಳಗೆ ಇವನೂ ಅಲ್ಲಿಗೇ ಇಳಿದ. ಹಲ್ಲಿನ ಡಾಕ್ಟರಿಗೆ ಹೋದದ್ದು ಬೇರೆ.

ಮರುದಿನ ಸಂಜೆ ಆರಕ್ಕೆ ತಾರವ್ವ ಫೋನನ್ನು ಜೋಳದ ಚೀಲಕ್ಕೆ ಆನಿಸಿ ಕೂತಳು. ಅವಳು ಹಚ್ಚುವ ಮೊದಲೇ ಅತ್ತಲಿಂದ ರಿಂಗಾಯಿತು. ಪರದೆಯ ತುಂಬ ಸೀತವ್ವನ ಮುಖ, ಮೂಗುತಿಯ ಹರಳು ಕೂಡ ಎಣಿಸುವಷ್ಟು ಸ್ಪಷ್ಟವಾಗಿ ಬಂತು.

“ನನ್ನ ಗಂಗಾಳ ಯಾವಾಗ ಕಳಸ್ತಿ ಬೇ?” ಅಂದಳು ಸೀತವ್ವ.