ಹೆಗಲು ಕೊಡಬೇಡ

"ಎತ್ರೋ!" ಎಂದು ಲಾರಿ ಡ್ರೈವರ್ ಕೂಗಿದ. ನಾಲ್ವರೂ ಶವಪೆಟ್ಟಿಗೆಗೆ ಕೈಹಾಕಿ ಬಗ್ಗಿದರು. ಅಷ್ಟರಲ್ಲಿ ಸತ್ತವನ ಹೆಂಡತಿ ನುಗ್ಗಿ ಬಂದು ಮೈದುನನ ತೋಳು ಹಿಡಿದಳು.

"ನೀನು ಬೇಡ, ಪುಟ್ಟ. ಬಿಡು."

ಪುಟ್ಟ ಎಂದರೆ ಆರಡಿ ಆಳು. ಅಣ್ಣನ ಜೊತೆ ಇದೇ ಲಾರಿಯಲ್ಲಿ ಮನೆ ಸಾಮಾನು ಸಾಗಿಸುವ ಕೆಲಸ. ಬೀರುವಾಗಲಿ ಫ್ರಿಜ್ಜಾಗಲಿ, ಅಣ್ಣ ಮುಂದೆ, ಇವನು ಹಿಂದೆ. ಆ ಮನೆಯ ಗಂಡಸರಿಗೆ ಹೆಗಲೇ ಹೆಮ್ಮೆ. ಕಾಯಿಲೆ ಏನಿದ್ದರೂ ಪಕ್ಕದ ಮನೆಗೆ. ನಿನ್ನೆ ಅಣ್ಣ ಸೋಫಾ ಹೊತ್ತು ಮೆಟ್ಟಿಲ ಮೇಲೆ ಕುಸಿದು ಸತ್ತಾಗಲೂ ಎಲ್ಲರೂ ಬೈದದ್ದು ಬಿಸಿಲನ್ನು.

"ಏನತ್ತಿಗೆ ಇದು? ನಮ್ಮಣ್ಣಂಗೆ ನಾನು ಹೆಗಲು ಕೊಡದೆ ಇನ್ಯಾರು ಕೊಡ್ತಾರೆ?"

"ಯಾರಾದ್ರೂ ಕೊಡ್ಲಿ."

"ದುಃಖದಲ್ಲಿ ಏನೇನೋ ಆಡ್ತಾಳೆ. ನೀವು ಎತ್ರಪ್ಪ," ಎಂದರು ಮೂಲೆಯಲ್ಲಿ ಕೂತಿದ್ದ ಚಿಕ್ಕಮ್ಮ.

ಲಿಫ್ಟಿನಲ್ಲಿ ಪೆಟ್ಟಿಗೆ ಹಿಡಿಸುವುದಿಲ್ಲ. ನಾಲ್ಕು ಮಹಡಿ ಇಳಿಯಬೇಕು. ಅವಳು ತೋಳು ಬಿಡಲಿಲ್ಲ. ಬಾಯಿ ಬಿಡಲು ಮಾತ್ರ ಆಗುತ್ತಿಲ್ಲ. ಆಣೆ ಇಡಿಸಿಕೊಂಡವನು ಪೆಟ್ಟಿಗೆಯೊಳಗೆ ಮಲಗಿದ್ದ.

*

ಕೆಲವು ತಿಂಗಳ ಹಿಂದೆ ಡಾಕ್ಟರು ಗಂಡಹೆಂಡತಿಗೆ ತಮ್ಮ ಎರಡೂ ಕೈಗಳ ಬೆರಳು ಹೆಣೆದು ತೋರಿಸಿದ್ದರು.

"ಹೃದಯದ ಜೀವಕೋಶಗಳು ಒಂದನ್ನೊಂದು ಹೀಗೆ ಹಿಡ್ಕೊಂಡಿರ್ತವೆ. ಹಿಡಿಸೋದು ಅಂಟಿನಂಥ ಒಂದು ಪ್ರೋಟೀನು. ಅದನ್ನ ಮಾಡಿಸೋ ಜೀನಿನ ಎರಡು ಪ್ರತಿ ಎಲ್ಲರಲ್ಲೂ ಇರುತ್ತೆ. ನಿಮ್ಮಲ್ಲಿ ಒಂದು ಕೆಟ್ಟಿದೆ. ಅರ್ಧ ಅಂಟಲ್ಲೇ ಸಂಸಾರ ಸಾಗ್ತಿದೆ. ಭಾರ ಹೊತ್ತು ಹೊತ್ತು ಕೋಶಗಳ ಹಿಡಿತ ಬಿಡುತ್ತೆ, ಆ ಜಾಗದಲ್ಲಿ ಕೊಬ್ಬು ತುಂಬ್ಕೊಳ್ಳುತ್ತೆ, ಬಡಿತ ದಾರಿ ತಪ್ಪುತ್ತೆ. ಹೊರೋ ಕೆಲಸ ಇವತ್ತೇ ನಿಲ್ಲಿಸಿ. ನಿಮ್ಮ ತಮ್ಮನಿಗೂ ಇರಬಹುದು, ಪರೀಕ್ಷೆ ಮಾಡಿಸಿ."

ಗಂಡ ತಲೆಯಾಡಿಸಿದ. ಮನೆಗೆ ಬಂದವನೇ ಮರಳಿನ ಚೀಲ ಹೊತ್ತು ಮೆಟ್ಟಿಲು ಹತ್ತತೊಡಗಿದ. ಕುಂಟುವ ಕಾಲನ್ನು ನಡೆಸಿ ನಡೆಸಿಯೇ ಸರಿಮಾಡುವುದಲ್ಲವೇ, ಸಡಿಲವಾದ ಹೃದಯಕ್ಕೂ ಅದೇ ಮದ್ದು ಎಂದು ಅವನ ಲೆಕ್ಕ. ದಿನಾ ಸಂಜೆ ಅದೇ ಕಸರತ್ತು. ಅವಳು ಬೇಡಿದಳು, ಬೈದಳು, ಚೀಲ ಬಚ್ಚಿಟ್ಟಳು. ಅವನು ಇನ್ನೊಂದು ತಂದ.

"ಪುಟ್ಟಂಗೆ ಮಾತ್ರ ಹೇಳ್ಬೇಡ. ಹೊರೋನಿಗೆ ಭಯ ಹೊಕ್ರೆ ಕಾಲು ತಪ್ಪುತ್ತೆ. ನನ್ನಾಣೆ."

ಅವಳು ಹೇಳಲಿಲ್ಲ.

*

"ನಿಮ್ಮಣ್ಣ ಸತ್ತಿದ್ದು ಬಿಸಿಲಿಗಲ್ಲ," ಎಂದಳು, ಎಲ್ಲರೆದುರು. "ಅವರ ಹೃದಯದ ಅಂಟೇ ಬಿಟ್ಟುಹೋಗಿತ್ತು. ವಂಶದಲ್ಲಿ ಬರೋದಂತೆ. ನಿಂಗೂ ಇರಬಹುದು."

ಪುಟ್ಟ ನಗಲು ನೋಡಿದ. "ನಂಗಾ? ಗುಂಡುಕಲ್ಲಿನ ಹಾಗಿದೀನಿ."

"ಅವರೂ ಹಾಗೇ ಇದ್ರು. ನಿಜ ಹೇಳು, ಯಾವತ್ತೂ ಕಣ್ಣು ಕತ್ತಲೆ ಬಂದಿಲ್ವಾ?"

ಪುಟ್ಟ ಮತ್ತೆ ಪೆಟ್ಟಿಗೆಗೆ ಕೈಹಾಕಿದ. ಲಾರಿ ಡ್ರೈವರ್ ನೆಲ ನೋಡಿದ.

"ಹೋದ ತಿಂಗಳು ಎರಡು ಸಲ ಬಿದ್ದ, ಅಕ್ಕಾ. ಅಣ್ಣ ಹೆದರ್ತಾನೆ, ಹೇಳ್ಬೇಡ ಅಂತ ನನ್ನ ಹತ್ರ ಆಣೆ ಇಡಿಸ್ಕೊಂಡ."

ಅವಳಿಗೆ ಅಣ್ಣತಮ್ಮ ಇಬ್ಬರ ಮೇಲೂ, ತನ್ನ ಮೇಲೂ ಕೆಟ್ಟ ಸಿಟ್ಟು ಬಂತು. ಮೈದುನನನ್ನು ಪಕ್ಕಕ್ಕೆ ತಳ್ಳಿ, ಆ ಮೂಲೆಗೆ ತಾನೇ ಬಗ್ಗಿದಳು.

"ಎತ್ತಿ," ಎಂದಳು.

ಪೆಟ್ಟಿಗೆ ಮೇಲೆದ್ದಿತು. ಪುಟ್ಟ ಬರಿಗೈಯಲ್ಲಿ ಮುಂದೆ ಮುಂದೆ ಮೆಟ್ಟಿಲಿಳಿದ. ತಿರುವು ಬಂದಾಗ ಹೊತ್ತವನ ಹಾಗೆ, ಗೋಡೆಗೆ ತಾಗದಂತೆ ಮೈ ಓರೆಮಾಡಿ ಹೊರಳಿದ. ಏನನ್ನೂ ಹೊರದ ಅವನ ಬಲಹೆಗಲು ಕೆಳಗಿನವರೆಗೂ ಒಂದು ಕಡೆಗೆ ವಾಲಿಕೊಂಡೇ ಇತ್ತು.